ಹೆಣದಣ್ಣನ ಉಸಿರು

ಜಗಳ, ಪ್ರೇಮ, ಸಾವು ಎಲ್ಲವೂ ಹಾಡಿನಲ್ಲೇ ನಡೆದುಹೋಗುವ ಆ ಒಪೆರಾ ರಂಗಮಂದಿರದಲ್ಲಿ ಅವರಿಗೆ ಹುಟ್ಟುಹೆಸರು ಉಳಿದಿರಲಿಲ್ಲ. ಬಾಗಿಲು ಕಾಯುವವನಿಂದ ಹಿಡಿದು ವಾದ್ಯವೃಂದದವರೆಗೆ ಎಲ್ಲರಿಗೂ ಅವರು ಹೆಣದಣ್ಣ. ಮಂದ್ರಸ್ಥಾಯಿಯ ಗಾಯಕರಿಗೆ ಈ ಕಲೆಯಲ್ಲಿ ದಕ್ಕುವುದು ಹೆಚ್ಚಾಗಿ ಅಪ್ಪನ, ಅರಸನ ಪಾತ್ರಗಳು. ಕೊನೆಯ ಅಂಕಕ್ಕೆ ಮೊದಲೇ ಕಣ್ಣುಮುಚ್ಚುವಂಥವು. ಹೆಣದಣ್ಣ ವಿಷ ಕುಡಿದು ಸತ್ತಿದ್ದರು, ಇರಿತಕ್ಕೆ ಸತ್ತಿದ್ದರು, ಬರೀ ಕೊರಗಿನಿಂದಲೂ ಸತ್ತಿದ್ದರು. ಸತ್ತ ಮೇಲೆ ನಾಯಕಿಯ ಗೋಳಾಟ ಮುಗಿಯುವವರೆಗೆ ರಂಗದ ಹಲಗೆಯ ಮೇಲೆ ಸಣ್ಣದೊಂದು ನಿದ್ದೆ ತೆಗೆಯುವುದು ತಮ್ಮ ಹಕ್ಕೆಂದೇ ಅವರು ನಂಬಿದ್ದರು.

ಪ್ರಯೋಗಗಳನ್ನು ಚಿತ್ರೀಕರಿಸಿ ಚಿತ್ರಮಂದಿರಗಳಿಗೆ ಕಳುಹಿಸುವ ಪದ್ಧತಿ ಆರಂಭವಾದಾಗ ಎಲ್ಲರಿಗಿಂತ ಹಿಗ್ಗಿದವರು ಅವರೇ. ಅವರಿಗೆ ಮೊದಲ ಸ್ವರ ಕಲಿಸಿದ ಅಕ್ಕ ಮಂಡಿನೋವಿನಿಂದ ರಂಗಮಂದಿರದ ಮೆಟ್ಟಿಲು ಹತ್ತಲಾರದೆ, ತಮ್ಮನನ್ನು ವೇಷದಲ್ಲಿ ಕಂಡೇ ಇರಲಿಲ್ಲ. ಮನೆಯ ಪಕ್ಕದ ಚಿತ್ರಮಂದಿರಕ್ಕೆ ಮೆಟ್ಟಿಲೇ ಇರಲಿಲ್ಲ.

ಮೊದಲ ಪ್ರದರ್ಶನದಲ್ಲಿ ತೆರೆಯ ಮೇಲೆ ಅಪ್ಪ ಸತ್ತ, ಮಗಳು ಹಾಡತೊಡಗಿದಳು, ಕ್ಯಾಮೆರಾ ಹತ್ತಿರ ಸರಿದು ಸರಿದು ಹೆಣದ ಹೊಟ್ಟೆಯ ಮುಂದೆ ನಿಂತಿತು. ಹೊಟ್ಟೆ ಆರಾಮವಾಗಿ ಏರುತ್ತಿತ್ತು, ಇಳಿಯುತ್ತಿತ್ತು. ಮೊದಲು ಯಾರೋ ಕಿಸಕ್ಕೆಂದರು. ಆಮೇಲೆ ಸಾಲಿಗೆ ಸಾಲೇ ನಕ್ಕಿತು. ಅಕ್ಕ ಹೊರಗೆ ಬಂದ ಮೇಲಷ್ಟೇ ಬಾಯಿಬಿಟ್ಟರು: "ಚೆನ್ನಾಗಿ ಸತ್ತೆ ಕಣೋ. ಆದ್ರೆ ಪೂರ್ತಿ ಸಾಯ್ಲಿಲ್ಲ."

ನಿರ್ದೇಶಕರು ಇಷ್ಟು ಮೃದುವಾಗಿ ಹೇಳಲಿಲ್ಲ. ಮುಂದಿನ ಚಿತ್ರೀಕರಣದಲ್ಲೂ ಹೀಗಾದರೆ ಪಾತ್ರ ತೆಳ್ಳಗಿನ ಹೊಸ ಗಾಯಕನ ಪಾಲಾಗುತ್ತದೆ ಎಂದು ಖಡಾಖಂಡಿತವಾಗಿ ತಿಳಿಸಿದರು. ಹೆಣದ ಜಾಗದಲ್ಲಿ ಗೊಂಬೆ ಮಲಗಿಸೋಣವೆಂದು ಯಾರೋ ಸೂಚಿಸಿದ್ದಕ್ಕೆ, ಅಷ್ಟು ಹೊಟ್ಟೆಗೆ ಹತ್ತಿ ಎಲ್ಲಿಂದ ತರಲಿ ಎಂದು ವೇಷಭೂಷಣದ ದರ್ಜಿ ಕೇಳಿದ.

ಹೆಣದಣ್ಣ ಮನೆಯ ಊಟದ ಮೇಜಿನ ಮೇಲೆ ಮಲಗಿ ಉಸಿರು ಬಿಗಿಹಿಡಿದು ಅಭ್ಯಾಸ ಮಾಡಿದರು. ಮುಖ ಬದನೆಕಾಯಿಯ ಬಣ್ಣಕ್ಕೆ ತಿರುಗಿತು. ಅಕ್ಕ ತರಕಾರಿ ಹೆಚ್ಚುತ್ತಲೇ ಹೇಳಿದರು:

"ಬಿಗಿಹಿಡೀಬೇಡ್ವೋ, ನಿಜವಾಗ್ಲೂ ಹೋಗ್ಬಿಡ್ತೀಯ. ಆ ಹಾಡೋಳು ಉಸಿರು ತಗೊಂಡಾಗ ನೀನೂ ತಗೋ. ಎಲ್ಲರ ಕಣ್ಣೂ ಅವಳ ಮೇಲಿರುತ್ತೆ."

ಉಪಾಯ ಸೊಗಸಾಗಿತ್ತು. ಆದರೆ ಇಷ್ಟು ವರ್ಷ ಆಕೆಯ ಕಾಲಬುಡದಲ್ಲೇ ಬಿದ್ದಿದ್ದರೂ, ಆಕೆ ಎಲ್ಲೆಲ್ಲಿ ಉಸಿರೆಳೆಯುತ್ತಾಳೆಂಬುದು ಹೆಣದಣ್ಣನಿಗೆ ಗೊತ್ತಿರಲಿಲ್ಲ. ಚಿತ್ರಮಂದಿರದಲ್ಲಿ ಅದು ನಗುವಿನಲ್ಲಿ ಮುಳುಗಿಹೋಗಿತ್ತು, ರಂಗದ ಮೇಲಂತೂ ಅವರು ಆ ಹಾಡನ್ನು ಎಚ್ಚರದಲ್ಲಿ ಕೇಳಿರಲೇ ಇಲ್ಲ. ನಾಚಿಕೆ ಬದಿಗಿಟ್ಟು ನಾಯಕಿಯನ್ನೇ ಕೇಳಿದರು.

"ಅಂತೂ ನನ್ನ ಹಾಡು ಕೇಳೋಕೆ ನೀವು ಸತ್ರೆ ಸಾಲ್ದು, ಕೆಲಸಾನೇ ಹೋಗೋ ಹಾಗಾಗ್ಬೇಕಾಯ್ತಲ್ಲ ಅಣ್ಣ," ಎಂದು ಆಕೆ ನಕ್ಕಳು. ನಕ್ಕು, ಹಾಡುವಾಗ ಅವರ ಎದೆಗೆ ತಲೆಯಾನಿಸಲು ಒಪ್ಪಿದಳು. ತನ್ನ ಹೆಗಲು ಏರಿದಾಗ ಅವರ ಎದೆಯೂ ಏರಲಿ ಎಂದಳು. ವೇಷಗಳ ಕೋಣೆಯಲ್ಲಿ, ತೂಗುಹಾಕಿದ ನಿಲುವಂಗಿಗಳ ನಡುವೆ, ಇಬ್ಬರೂ ಉಸಿರಿಗೆ ಉಸಿರು ಹೊಂದಿಸಿಕೊಂಡರು.

ಚಿತ್ರೀಕರಣದ ದಿನ ಹೆಣದಣ್ಣ ಅಚ್ಚುಕಟ್ಟಾಗಿ ಸತ್ತರು. ಪ್ರತಿ ಉಸಿರೂ ಆಕೆಯ ಉಸಿರಿನ ಮರೆಯಲ್ಲಿ ಸರಿದುಹೋಯಿತು. ಹಾಡಿನ ಕೊನೆಗೆ ಮಗಳು ಅಪ್ಪನ ಮುಖದ ಮೇಲೆ ಬಾಗಿ, ಚಿಕ್ಕಂದಿನ ಜೋಗುಳದ ಎಳೆಯೊಂದನ್ನು ತಗ್ಗಿದ ದನಿಯಲ್ಲಿ ಎತ್ತಿಕೊಂಡಳು. ಅಷ್ಟರಲ್ಲಿ ಹೆಣದ ಎಡಗಣ್ಣಿಂದ ಒಂದು ಹನಿ ಜಾರಿ ಕಿವಿಯತ್ತ ಇಳಿಯಿತು. ಒರೆಸಿಕೊಳ್ಳೋಣವೆಂದರೆ ಸತ್ತಾಗಿದೆ.

ನಿರ್ದೇಶಕರು ಪುಟ್ಟ ಪರದೆಯ ಮೇಲೆ ಅದನ್ನು ತೋರಿಸಿದರು. "ಉಸಿರು ನಿಂತಿದೆ, ಒಪ್ಕೊಂಡೆ. ಹೆಣ ಅಳೋದನ್ನ ಎಲ್ಲಾದ್ರೂ ಕಂಡಿದ್ದೀರಾ?"

ಹೆಣದಣ್ಣ ಬಾಯಿ ತೆರೆಯುವಷ್ಟರಲ್ಲಿ ನಾಯಕಿ ತಲೆಯ ಕೃತಕ ಕೂದಲಿನ ಟೋಪನ್ ಬಿಚ್ಚುತ್ತ, "ಅದು ನಂದು ಸಾರ್. ಬಾಗಿದಾಗ ಬಿತ್ತು," ಎಂದಳು. ನಿರ್ದೇಶಕರು ಒಂದಿಷ್ಟೂ ಕದಡದ ಆಕೆಯ ಕಾಡಿಗೆಯನ್ನು ನೋಡಿದರು, ಹೆಣದಣ್ಣನನ್ನು ನೋಡಿದರು. ಇರಲಿ ಬಿಡಿ ಎಂದು ಎದ್ದುಹೋದರು. ಪಾತ್ರ ಉಳಿಯಿತು.

ಚಿತ್ರಮಂದಿರದಲ್ಲಿ ಈ ಸಲ ಯಾರೂ ನಗಲಿಲ್ಲ. ಹನಿ ಜಾರಿದಾಗ ಹಿಂದಿನ ಸಾಲಿನವರು ಮೂಗೊರೆಸಿಕೊಂಡದ್ದು ಕೇಳಿಸಿತು. ಹೆಣದಣ್ಣ ಕುರ್ಚಿಯಲ್ಲೂ ನಾಯಕಿಯ ಲೆಕ್ಕದಲ್ಲೇ ಉಸಿರಾಡುತ್ತ ಕೂತಿದ್ದರು. ಅಕ್ಕ ಅವರ ಕಿವಿಯ ಬಳಿ ಬಾಗಿದರು.

"ಚಿಕ್ಕೋನಿದ್ದಾಗ್ಲೂ ನಿಂಗೆ ಮೊದಲು ಎಡಗಣ್ಣಲ್ಲೇ ನೀರು ಬರ್ತಿತ್ತು. ಈಗ ಉಸಿರು ಬಿಡೋ, ಹಾಡು ಮುಗೀತು."