ಕಳ್ಳರನ್ನು ತಲೆಕೆಳಗಾಗಿ ತೋರಿಸುವ ಕಲ್ಲು

ಇದುವರೆಗೆ ನಾನು ಬರೆದಿರುವುದು ಶಾಲೆಯ ವರದಿಗಳನ್ನು ಮತ್ತು ರಜಾ ಅರ್ಜಿಗಳನ್ನು ಮಾತ್ರ. ಆದುದರಿಂದ ಈ ಬರಹದ ಭಾಷೆಯಲ್ಲಿ ದೋಷಗಳಿದ್ದಲ್ಲಿ ಮನ್ನಿಸಬೇಕಾಗಿ ವಿನಂತಿಸುತ್ತೇನೆ. ವಿಷಯದಲ್ಲಿ ದೋಷವಿಲ್ಲ. ಅದನ್ನು ಕಣ್ಣಾರೆ ಕಂಡಿದ್ದೇನೆ. ನಾನು ಹಾಗೆ ಕಂಡದ್ದರಿಂದಲೇ ಒಬ್ಬ ಹೆಂಗಸು ಕಳ್ಳಿ ಎನಿಸಿಕೊಂಡಳು.

ಐವತ್ತರ ದಶಕದ ಕೊನೆಯಲ್ಲಿ ನಾನು ಮಡಂತ್ಯಾರಿನ ಆಚೆಯ ಪ್ರಾಥಮಿಕ ಶಾಲೆಯೊಂದಕ್ಕೆ ಅಧ್ಯಾಪಕನಾಗಿ ನೇಮಕಗೊಂಡೆ. ವಾಸ ಮತ್ತು ಊಟ ಆ ಊರಿನ ಧಣಿಗಳ ಮನೆಯಲ್ಲಿ. ಬಂದವರು ಕಾಲು ತೊಳೆಯಲೆಂದು ಅಲ್ಲಿನ ಜಗಲಿಯಲ್ಲಿ ಇಡುತ್ತಿದ್ದ ಬೆಳ್ಳಿಯ ಗಿಂಡಿ ಒಂದು ದಿನ ಕಾಣೆಯಾಯಿತು. ಧಣಿಗಳು ಪೊಲೀಸರಿಗೆ ತಿಳಿಸಲಿಲ್ಲ. ಮೂಡಬಿದ್ರೆ ಕಡೆಯಿಂದ ಕಲ್ಲು ನೋಡಿಸುವವರೊಬ್ಬರನ್ನು ಕರೆಸಿದರು.

ಸದರಿ ಕಲ್ಲು ನಿಂಬೆಹಣ್ಣಿನ ಗಾತ್ರದ, ದುಂಡಗಿನ ಸ್ಫಟಿಕ. ಅದಕ್ಕೆ ಹಿತ್ತಾಳೆಯ ಹಿಡಿ ಇತ್ತು. ಕದ್ದವರು ಅದರಲ್ಲಿ ತಲೆಕೆಳಗಾಗಿ ಕಾಣುತ್ತಾರೆಂದೂ, ಹುಟ್ಟುವಾಗ ಕಾಲು ಮುಂದಾಗಿ ಬಂದವರ ಕಣ್ಣಿಗೆ ಮಾತ್ರ ಕಾಣುತ್ತಾರೆಂದೂ ನಂಬಿಕೆ. ನಾನು ಹಾಗೆ ಹುಟ್ಟಿದವನೆಂದು ಊಟದ ಹೊತ್ತಿಗೆ ಒಮ್ಮೆ ತಮಾಷೆಗೆ ಹೇಳಿದ್ದೆ.

"ಮಾಷ್ಟ್ರು ಉಂಟಲ್ಲ, ಹೊರಗಿನವರು ಯಾಕೆ?" ಎಂದರು ಧಣಿಗಳು.

ಬೆಳಿಗ್ಗೆ ಒಂಬತ್ತರ ಸುಮಾರಿಗೆ ನನ್ನನ್ನು ಚಾವಡಿಯ ಕತ್ತಲಲ್ಲಿ ಬಾಗಿಲಿಗೆ ಮುಖಮಾಡಿ ಕೂರಿಸಿದರು. ಮನೆಯವರೆಲ್ಲರೂ ನನ್ನ ಬೆನ್ನ ಹಿಂದೆ ನಿಂತರು. ದನದ ಹಟ್ಟಿಗೆ ಸೊಪ್ಪು ತರುವ ಹೆಂಗಸನ್ನೂ ಕರೆಸಲಾಗಿತ್ತು. ಅವಳ ಜಾತಿಯವರು ಜಗಲಿ ಹತ್ತುವಂತಿರಲಿಲ್ಲ. ಆದ್ದರಿಂದ ಅವಳು ಅಂಗಳದಲ್ಲಿ, ಬಿಸಿಲಲ್ಲಿ ನಿಂತಿದ್ದಳು. ಕಲ್ಲನ್ನು ಬೆಳಕಿನ ಕಡೆಗೆ ಹಿಡಿಯಬೇಕೆಂದು ಅಪ್ಪಣೆಯಾಯಿತು. ಹಿಡಿದೆ.

"ಯಾರು ಕಾಣ್ತಾರೆ?"

"ಒಂದು ಹೆಂಗಸು. ಕೆಂಪು ಸೀರೆ. ತಲೆಕೆಳಗೆ."

ಅಷ್ಟೇ ಸಾಕಾಯಿತು. ಹಿಂದಿನಿಂದ ಯಾರೋ "ನಾನು ಆಗಲೇ ಹೇಳಿದೆ" ಎಂದರು. ನಾಳೆಯಿಂದ ಈ ಕಡೆ ತಲೆ ಹಾಕಬೇಡ ಎಂದು ಧಣಿಗಳು ಅವಳಿಗೆ ಕೂಗಿ ಹೇಳಿದರು. ಅವಳು ನನ್ನನ್ನೇ ನೋಡಿ ಹೊರಟುಹೋದಳು. ಅಷ್ಟರಲ್ಲಿ ಧಣಿಗಳ ತಮ್ಮ ಕರುವನ್ನು ಬಿಚ್ಚಲೆಂದು ಅಂಗಳಕ್ಕೆ ಇಳಿದರು. ಕಲ್ಲು ಇನ್ನೂ ನನ್ನ ಕೈಯಲ್ಲೇ ಇತ್ತು. ಅದರಲ್ಲಿ ಅವರೂ ತಲೆಕೆಳಗಾದರು, ಕರುವೂ ತಲೆಕೆಳಗಾಯಿತು.

ಕಲ್ಲಿನವರು ಅದನ್ನು ಕೂಡಲೇ ಕಿತ್ತುಕೊಂಡರು. "ಕೆಲಸ ಆದ ಮೇಲೆ ನೋಡಬಾರದು."

ಆ ಕ್ಷಣದಲ್ಲಿ ನಾನು ಬಾಯಿ ಬಿಡಲಿಲ್ಲ. ಉಣ್ಣುತ್ತಿದ್ದುದು ಆ ಮನೆಯಲ್ಲಿ ಎಂಬುದನ್ನು ಬಿಟ್ಟು ಬೇರೆ ಕಾರಣ ಯಾವುದೂ ಇರಲಿಲ್ಲ. ಸಂಜೆ ಧಣಿಗಳು ಒಬ್ಬರೇ ಇರುವುದನ್ನು ನೋಡಿ ವಿಷಯವನ್ನು ಅರಿಕೆ ಮಾಡಿಕೊಂಡೆ.

"ನನ್ನ ತಮ್ಮ ಕಳ್ಳ ಅಂತ ಹೇಳ್ತೀರಾ?"

"ಅಲ್ಲ. ಅಂಗಳದಲ್ಲಿ ಯಾರು ನಿಂತರೂ ಹಾಗೆಯೇ ಕಾಣ್ತದೆ."

"ನಮ್ಮವರು ಅಂಗಳದಲ್ಲಿ ಯಾಕೆ ನಿಲ್ಲಬೇಕು ಮಾರಾಯ್ರೆ?" ಎಂದು ಅವರು ನಕ್ಕರು.

ಆ ನಗುವನ್ನು ನಾನು ಇಂದಿಗೂ ಕ್ಷಮಿಸಿಲ್ಲ. ಎಷ್ಟು ಊರುಗಳಲ್ಲಿ, ಎಷ್ಟು ಅಂಗಳಗಳಲ್ಲಿ ಆ ಕಲ್ಲು ಹೊರಗೆ ನಿಲ್ಲಿಸಲ್ಪಟ್ಟವರನ್ನೇ ಕಳ್ಳರೆಂದು ತೋರಿಸಿರಬಹುದು! ಒಳಗೆ ನಿಂತವರನ್ನು ಅದು ಒಮ್ಮೆಯೂ ತೋರಿಸಿರಲಾರದು. ಕಲ್ಲಿನವರಿಗೆ ಇದು ತಿಳಿದಿರಲಿಲ್ಲವೆಂದು ಯಾರಾದರೂ ಹೇಳಿದರೆ ನಾನು ಒಪ್ಪತಕ್ಕವನಲ್ಲ.

ಭಾನುವಾರ ಅವಳ ಗುಡಿಸಲಿಗೆ ಹೋದೆ. ನಡೆದುದನ್ನೆಲ್ಲ ವಿವರಿಸಿದೆ. ಅವಳು ತುಳುವಿನಲ್ಲಿ ಹೇಳಿದ ಉತ್ತರವನ್ನು ಇಲ್ಲಿ ಕನ್ನಡದಲ್ಲಿ ಕೊಡುತ್ತಿದ್ದೇನೆ.

"ಕಂಡದ್ದನ್ನು ಜೋರಾಗಿ ಹೇಳಿದಿರಿ ಮಾಷ್ಟ್ರೆ. ನಾನು ಎಲ್ಲಿ ನಿಂತಿದ್ದೆ ಅಂತ ಇಲ್ಲಿ ಬಂದು ಗುಟ್ಟಿನಲ್ಲಿ ಹೇಳ್ತೀರಿ. ನಮ್ಮವರೂ ನನ್ನ ಹತ್ತಿರ ಮಾತಾಡುವುದು ಬಿಟ್ಟಿದ್ದಾರೆ. ಆ ಮನೆಯ ಕೆಲಸ ನನಗೆ ಬೇಡ. ಹೇಳುವುದಾದರೆ ಎಲ್ಲರೂ ಕೇಳುವ ಹಾಗೆ ಹೇಳಿ."

ಮಾರನೆಯ ಬೆಳಿಗ್ಗೆ ಸೊಪ್ಪಿನ ಹೊರೆಗಳು ಇಳಿಯುವ ಹೊತ್ತಿಗೆ, ನಾನು ಕೇಳಿಕೊಂಡಂತೆ, ಅವಳು ಧಣಿಗಳ ಅಂಗಳಕ್ಕೆ ಬಂದಳು. ನಾನು ಜಗಲಿಯಿಂದ ಇಳಿದು, ಅಂಗಳದಲ್ಲಿ ಯಾರು ನಿಂತರೂ ಕಲ್ಲು ತಲೆಕೆಳಗೆ ತೋರಿಸುತ್ತದೆ, ಇವಳನ್ನು ಕಳ್ಳಿಯೆಂದದ್ದು ತಪ್ಪು, ಹೇಳಿದವನು ನಾನೇ ಎಂದು ಎಲ್ಲರಿಗೂ ಕೇಳುವಂತೆ ಹೇಳಿದೆ. ಎರಡು ಕಡೆ ತೊದಲಿದೆ.

"ಹೇಳಿ ಆಯ್ತಾ? ಹಾಗಾದರೆ ಪೆಟ್ಟಿಗೆ ಕಟ್ಟಿಕೊಳ್ಳಿ" ಎಂದು ಧಣಿಗಳು ಒಳಗೆ ಹೋದರು.

ಅವಳು ಅವರ ಕಡೆ ನೋಡಲೇ ಇಲ್ಲ. ಹೊರೆ ಇಳಿಸುತ್ತಿದ್ದ ತನ್ನವರ ಕಡೆಗೆ ತಿರುಗಿ, "ಕೇಳಿದಿರಲ್ಲ?" ಎಂದಳು.

"ಕೇಳಿತು ಅಕ್ಕಾ" ಎಂದ ಅವರಲ್ಲೊಬ್ಬ. ಇನ್ನೊಬ್ಬಳು ತನ್ನ ಸೊಂಟದ ಎಲೆಯಡಿಕೆಯ ಚೀಲವನ್ನು ಬಿಚ್ಚಿ ಅವಳ ಮುಂದೆ ಹಿಡಿದಳು.