ಬಾಳೆಹಣ್ಣಿನ ಕೆಚಪ್‌ಗೆ ಎರಡು ಸಲ ಬಿದ್ದ ಉಪ್ಪು

1998ರ ಜೂನ್‌ನಲ್ಲಿ, ಫಿಲಿಪ್ಪೀನ್ಸ್‌ಗೆ ಬಂದಿಳಿದ ಮೂರನೇ ದಿನ, ನಮ್ಮ ಮುಂದೆ ಕೆಂಪು ಸಾಸ್ ಕಲಸಿದ ಶ್ಯಾವಿಗೆಯಂಥ ತಿಂಡಿ ಬಂತು. ಖಾರವಿರಬಹುದೆಂದು ನೀರಿನ ಲೋಟ ಹತ್ತಿರ ಎಳೆದುಕೊಂಡು ಬಾಯಿಗಿಟ್ಟೆ. ಸಿಹಿ. ಆ ಕೆಂಪಿನಲ್ಲಿ ಟೊಮೆಟೊ ಇರಲಿಲ್ಲ. ಬಾಳೆಹಣ್ಣು ಬೇಯಿಸಿ, ವಿನೆಗರ್, ಸಕ್ಕರೆ, ಮಸಾಲೆ ಹಾಕಿ, ಬಣ್ಣ ಬೆರೆಸಿದ ಕೆಚಪ್ ಅದು.

ತುಮಕೂರಿನ ಒಂದು ಪತ್ರಿಕೆಯಲ್ಲಿ ಆರು ವರ್ಷ ವರದಿ ತಿದ್ದುತ್ತಿದ್ದವಳು ನಾನು. ತವರು ಗುಬ್ಬಿ, ನಮ್ಮವರ ಊರು ಕುಣಿಗಲ್. ಅವರಿಗೆ ಮನಿಲಾದ ದಕ್ಷಿಣಕ್ಕಿರುವ ಪಟ್ಟಣವೊಂದರ ಭತ್ತದ ಫಾರಂನಲ್ಲಿ ಕೆಲಸ ಸಿಕ್ಕಿದ್ದರಿಂದ ಹೊರಟು ಬಂದೆವು. ತುಮಕೂರಿನ ಶೆಟ್ಟಿಹಳ್ಳಿಯಲ್ಲಿ ಬಾಡಿಗೆ ಮನೆ ಕೇಳಿದಾಗ ‘ನೀವು ಯಾವ ಜನ?’ ಎಂದು ವಿಚಾರಿಸಿದ್ದರು. ಇಲ್ಲಿ ಯಾರೂ ಅದನ್ನು ಕೇಳಲಿಲ್ಲ. ಆದರೆ ಇಂಗಿನ ಒಗ್ಗರಣೆಯ ವಾಸನೆ ತಡೆಯಲಾರದೆ ಮೂರು ತಿಂಗಳಲ್ಲಿ ಇಬ್ಬರು ಮಾಲೀಕರು ನಮ್ಮನ್ನು ಮನೆ ಬಿಡಿಸಿದರು.

ಮೂರನೆಯದು ಆಲಿಂಗ್ ನೇನಾ ಅವರ ಮನೆಯ ಮಹಡಿ. ನಾವು ಹಿರಿಯ ಹೆಂಗಸರ ಹೆಸರಿಗೆ ‘ಅಮ್ಮ’ ಸೇರಿಸುವಂತೆ ಅವರು ಹೆಸರಿನ ಮುಂದೆ ‘ಆಲಿಂಗ್’ ಸೇರಿಸುತ್ತಾರೆ. ಅಡುಗೆಮನೆ ಕೆಳಗಿತ್ತು, ಅವರಿಗೂ ನಮಗೂ ಒಂದೇ. “ಮೊಮ್ಮಗಳ ಹುಟ್ಟುಹಬ್ಬದವರೆಗೆ ಇರಿ. ಆಮೇಲೆ ಹೇಳ್ತೀನಿ,” ಎಂದರು. ಈ ಮನೆಯನ್ನು ಕಳೆದುಕೊಳ್ಳಬಾರದು ಎಂದು ಅಂದೇ ತೀರ್ಮಾನಿಸಿದೆ.

ಅಂಗಡಿಗಳಲ್ಲಿ ಬಾಳೆಹಣ್ಣಿನ ಕೆಚಪ್ ಬಾಟಲಿಗಳು ಸಾಲಾಗಿ ನಿಂತಿರುತ್ತಿದ್ದವು. ಹುರಿದ ಮೀನಿಗೆ, ಮೊಟ್ಟೆಗೆ, ಬರೀ ಅನ್ನಕ್ಕೂ ಅದೇ. ನಮ್ಮಲ್ಲಿ ಉಪ್ಪಿನಕಾಯಿ ಇಲ್ಲದೆ ಊಟ ಮುಗಿಯದ ಮನೆಗಳಿವೆಯಲ್ಲ, ಹಾಗೆ. ಅಮೆರಿಕನ್ನರ ಆಳ್ವಿಕೆಯಲ್ಲಿ ಈ ಜನಕ್ಕೆ ಟೊಮೆಟೊ ಕೆಚಪ್‌ನ ರುಚಿ ಹತ್ತಿತ್ತು. ಟೊಮೆಟೊ ಸಾಲದಾದಾಗ ಇಲ್ಲಿಯವರೇ ಆದ ಆಹಾರ ವಿಜ್ಞಾನಿ ಮಹಿಳೆಯೊಬ್ಬರು ಬೇಕಾದಷ್ಟು ಸಿಗುತ್ತಿದ್ದ ಬಾಳೆಹಣ್ಣಿನಿಂದ ಅದನ್ನು ಮಾಡಿ ತೋರಿಸಿದರು ಎನ್ನುತ್ತಾರೆ. 1942ರಲ್ಲಿ, ಯುದ್ಧದ ನಡುವೆ, ಮಾರಾಟಕ್ಕಾಗಿ ತಯಾರಿಕೆ ಶುರುವಾಯಿತು. 1945ರಲ್ಲಿ ಮನಿಲಾದಲ್ಲಿ ನಡೆದ ಕಾಳಗದಲ್ಲಿ ಆ ವಿಜ್ಞಾನಿ ತೀರಿಕೊಂಡರು.

ಆಲಿಂಗ್ ನೇನಾ ಬಾಟಲಿ ಕೊಳ್ಳುತ್ತಿರಲಿಲ್ಲ. ತಾಯಿಯಿಂದ ಕಲಿತಂತೆ ಮನೆಯಲ್ಲೇ ಮಾಡುತ್ತಿದ್ದರು. ಹುಟ್ಟುಹಬ್ಬದ ಬೆಳಿಗ್ಗೆ, ಅಡುಗೆಗೆ ಬಳಸುವ ‘ಸಬಾ’ ಎಂಬ ಗಿಡ್ಡ ಬಾಳೆಹಣ್ಣು ಬೇಯಿಸಿ, ಅರೆದು, ಒಲೆಯ ಮೇಲಿಟ್ಟು ಸೌಟನ್ನು ನನ್ನ ಕೈಗೆ ಕೊಟ್ಟರು. “ಗಟ್ಟಿಯಾದ ಮೇಲೆ ಹದ ನೋಡಿ ಇಳಿಸು. ನಾನು ಕೇಕ್ ತರ್ತೀನಿ.”

ಗುಬ್ಬಿಯ ನಮ್ಮ ಮನೆಯಲ್ಲಿ ಅಡುಗೆ ಮಾಡುವವರು ನಡುವೆ ರುಚಿ ನೋಡುವಂತಿಲ್ಲ. ದೇವರಿಗೆ ಇಡುವ ಮುಂಚೆ ನಾಲಿಗೆಗೆ ತಾಗಿದರೆ ಎಂಜಲು. ಉಪ್ಪನ್ನು ಕೈ ಅಳತೆಯಲ್ಲಿ ಹಾಕಿ ಹಬೆಯ ವಾಸನೆಯಲ್ಲಿ ಹದ ತಿಳಿಯಬೇಕು. ಹಾಗೇ ಒಂದು ಹಿಡಿ ಉಪ್ಪು ಹಾಕಿದೆ, ವಾಸನೆ ನೋಡಿದೆ, ಇಳಿಸಿದೆ. ಬೇಯಿಸುವಾಗಲೇ ಅವರು ಉಪ್ಪು ಹಾಕಿದ್ದರು.

ಮಧ್ಯಾಹ್ನ ಮಕ್ಕಳು ಒಬ್ಬೊಬ್ಬರಾಗಿ ತಟ್ಟೆ ಪಕ್ಕಕ್ಕೆ ಸರಿಸಿದರು. ಆಲಿಂಗ್ ನೇನಾ ಒಂದು ತುತ್ತು ತಿಂದು ನನ್ನನ್ನು ನೋಡಿದರು.

“ರುಚಿ ನೋಡಲಿಲ್ವಾ?”

“ಇಲ್ಲ. ನಮ್ಮಲ್ಲಿ ದೇವರು ಮೊದಲು.”

“ಹಾಗಾದ್ರೆ ಉಪ್ಪು ಜಾಸ್ತಿ ಅಂತ ನಿನ್ನ ದೇವರಿಗೆ ಮೊದಲೇ ಗೊತ್ತಾಯ್ತು. ನನಗೊಂದು ಮಾತು ಹೇಳಬಹುದಿತ್ತು.”

ನೆಂಟರು ನಕ್ಕರು. ಆಲಿಂಗ್ ನೇನಾ ನಗಲಿಲ್ಲ. ಮನೆಯ ವಿಷಯವನ್ನೂ ಎತ್ತಲಿಲ್ಲ.

ಮಾರನೇ ದಿನ ಬೆಳಿಗ್ಗೆಯೇ ಸಂತೆಯಿಂದ ಸಬಾ ತಂದೆ. ಎಂಜಲಿನ ಅಂಜಿಕೆ ಇನ್ನೂ ಹೋಗಿರಲಿಲ್ಲ. ಸೌಟಿನಿಂದ ಅಂಗೈಗೆ ಒಂದೊಂದು ಹನಿ ಬಿಟ್ಟುಕೊಂಡು ನೆಕ್ಕಿದೆ, ಕೈ ತೊಳೆದೆ, ಮತ್ತೆ ತಿರುವಿದೆ. ಆಲಿಂಗ್ ನೇನಾ ಬಾಗಿಲಲ್ಲಿ ನಿಂತು ನೋಡುತ್ತಿದ್ದರು. ಕೊನೆಗೆ ಬಂದು ಸೌಟಿಗೇ ನಾಲಿಗೆ ತಾಗಿಸಿ “ಪ್ವೇದೆ ನಾ” ಎಂದರು. ಅಂದರೆ ‘ನಡೆಯುತ್ತೆ’. ಸಂಜೆ ಅಡುಗೆಮನೆಯ ಇನ್ನೊಂದು ಕೀ ನಮ್ಮ ಬಾಗಿಲ ಪಕ್ಕದ ಮೊಳೆಗೆ ನೇತುಹಾಕಿದ್ದರು.

2003ರ ಮೇ ತಿಂಗಳಲ್ಲಿ ಊರಿಗೆ ಹೋದೆ. ಐದು ವರ್ಷದಲ್ಲಿ ತುಮಕೂರಿನ ಬೇಕರಿಗಳಲ್ಲಿ ಪಪ್ಸ್ ಜೊತೆ ಕೆಂಪು ಸಾಸ್ ಬಂದಿತ್ತು. ಗುಬ್ಬಿಯಲ್ಲಿ ಅಣ್ಣನ ಮನೆಯ ಒಲೆಯ ಮೇಲೆ ಏಲಕ್ಕಿ ಬಾಳೆಹಣ್ಣಿನ ಕೆಚಪ್ ಮಾಡುತ್ತಾ ಸೌಟು ಬಾಯಿಗಿಟ್ಟೆ. ಅಂಗೈ ಬಿಟ್ಟು ಸೌಟಿಗೆ ಬಂದದ್ದು ಯಾವ ವರ್ಷವೆಂದು ನನಗೇ ತಿಳಿಯದು.

“ಏನೇ ಇದು, ಸೌಟು ನೆಕ್ಬುಟ್ಯಲ್ಲೇ,” ಎಂದರು ಅತ್ತಿಗೆ.

“ರುಚಿ ನೋಡ್ದೆ ಅತ್ತಿಗೆ. ಇದನ್ನ ಹಂಗೇ ಮಾಡ್ಬೇಕು.”

“ಇಪ್ಪತ್ತು ವರ್ಷದಿಂದ ಸಾರು ಮಾಡ್ತಿದೀನಿ ಕಣೇ. ಯಾವತ್ತಾದ್ರೂ ಉಪ್ಪು ಹೆಚ್ಚಾಗಿತ್ತಾ?”

“ಆಗಿತ್ತು,” ಎಂದ ಅಣ್ಣ, ಪೇಪರ್‌ನಿಂದ ತಲೆ ಎತ್ತದೆ. “ಹೇಳಿದ್ರೆ ಮಾರನೇ ದಿನ ಸಾರೇ ಸಿಗ್ತಿರ್ಲಿಲ್ಲ.”

“ನೀವ್ ಸುಮ್ನಿರಿ. ಇವ್ಳೀಗ ಆ ದೇಶದೋಳು ಆಗೋಗವ್ಳೆ.”

ಅತ್ತಿಗೆ ಪಾತ್ರೆಯನ್ನು ಅಡುಗೆಮನೆಯಿಂದ ತೆಗೆದು ಹಿತ್ತಿಲ ಕಟ್ಟೆಯ ಮೇಲಿಟ್ಟರು. ಇಲ್ಲಿ ಆ ದೇಶದವಳಾದ ನಾನು ಆಲಿಂಗ್ ನೇನಾ ಮನೆಯಲ್ಲಿ ಈಗಲೂ ‘ಮಹಡಿಯ ಇಂಡಿಯಾದವಳು’. ನನ್ನ ಕೆಚಪ್ ಅನ್ನು ಕಟ್ಟೆಯ ಮೇಲೆ ಕೂತು ಚಪಾತಿಗೆ ಹಚ್ಚಿಕೊಂಡು ತಿಂದೆ. ಸ್ವಲ್ಪ ಹೊತ್ತಿಗೆ ಅಣ್ಣನೂ ತಟ್ಟೆ ತಂದ. ಆಮೇಲೆ ಅತ್ತಿಗೆ ಬಂದು, ಮಾಡುವ ಬಗೆಯನ್ನು ಬರೆದುಕೊಂಡರು.

2004ರ ಮಾರ್ಚ್‌ನಲ್ಲಿ ಗುಬ್ಬಿಯಿಂದ ಕಾಗದ ಬಂತು. ಮನೆಗೆ ನೆಂಟರು ಬಂದಾಗ ಅತ್ತಿಗೆ ಬಾಳೆಹಣ್ಣಿನ ಕೆಚಪ್ ಮಾಡಿ, ಮೊದಲು ದೇವರಿಗೆ ಇಟ್ಟು, ಆಮೇಲೆ ಬಡಿಸಿದರಂತೆ. ಉಪ್ಪು ಜಾಸ್ತಿಯಾಗಿತ್ತಂತೆ.