ಹಾರ್ಡನರ್ ಅಂದರೆ ಯಾವ ಹಾರ್ಡನರ್

ಫೈಬರ್ ಬಾಗಿಲು ಮಾಡುವ ಯಾವ ಶೆಡ್ಡಿಗಾದರೂ ಹೋಗಿ, ರೆಸಿನ್ನಿಗೆ ಬೆರೆಸುವ ಆ ನೀರಿನಂಥ ದ್ರವದ ಹೆಸರೇನು ಅಂತ ಕೇಳಿ. ಹಾರ್ಡನರ್ ಅಂತಾರೆ. ಪಕ್ಕದ ಶೆಡ್ಡಿನವರು ಕ್ಯಾಟಲಿಸ್ಟ್ ಅಂತಾರೆ. ಅದರಾಚೆಯವರಿಗೆ ಅಷ್ಟು ಉದ್ದ ಹೇಳಲೂ ಪುರಸೊತ್ತಿಲ್ಲ, ಬರೀ ಕ್ಯಾಟ್. ಪೂರ್ತಿ ಹೆಸರು ಕೇಳಿದರೆ ಮೂವರೂ ನಿಮ್ಮನ್ನೇ ಒಂದು ಥರ ನೋಡುತ್ತಾರೆ, ಹಾಲಿನ ಪೂರ್ತಿ ಹೆಸರೇನು ಅಂತ ಕೇಳಿದ ಹಾಗೆ. ಅವರನ್ನು ಬೈಯುವ ಹಕ್ಕು ನನಗಿಲ್ಲ. ಕಡಕೊಳದಲ್ಲಿ ನನ್ನ ಶೆಡ್ಡು ಶುರುವಾದ ಮೇಲೆ ಹನ್ನೊಂದು ವರ್ಷ ನಾನೂ ಹಾರ್ಡನರ್ ಅಂತಲೇ ಕರೆದವಳು.

ಅದಕ್ಕೂ ಮೊದಲು ನಾನು ಹಳೇ ಬಾಗಿಲು ಕಿಟಕಿಗಳ ವ್ಯಾಪಾರ ಮಾಡುತ್ತಿದ್ದೆ. ಮೈಸೂರಿನಲ್ಲಿ ಎಲ್ಲಿ ಮನೆ ಕೆಡವಿದರೂ ನಾನು ಹಾಜರು. ತೇಗದ ಬಾಗಿಲಿಗೆ ಇಲ್ಲದ ಹುಳುಕು ತೋರಿಸಿ ಬೆಲೆ ಇಳಿಸಿ ಕೊಳ್ಳುವುದು, ಇದ್ದ ಹುಳುಕನ್ನು ಮುಚ್ಚಿ ಏರಿಸಿ ಮಾರುವುದು, ಎರಡೂ ನನಗೆ ಬರುತ್ತಿತ್ತು. ಯಾವ ಮನೆಗೆ ಹೋದರೂ ಬಚ್ಚಲುಮನೆ ಬಾಗಿಲು ಮಾತ್ರ ಕೆಳಗಿನ ಒಂದು ಗೇಣು ಕೊಳೆತು ಹೋಗಿರುತ್ತಿತ್ತು. ಅದನ್ನು ನೋಡಿ ನೋಡಿಯೇ ಫೈಬರ್ ಬಾಗಿಲಿನ ಯೋಚನೆ ಬಂದದ್ದು. ಕೆಲಸ ಗೊತ್ತಿದ್ದ ಒಬ್ಬ ಮೇಸ್ತ್ರಿಯನ್ನು ಹೆಬ್ಬಾಳದ ಕಾರ್ಖಾನೆಯೊಂದರಿಂದ ಮಾತಾಡಿ ಮಾತಾಡಿ ಎಳೆದುಕೊಂಡು ಬಂದೆ. ಶೆಡ್ಡು ನಿಂತದ್ದು ಅವರ ಕೈ ಮೇಲೆ, ಅವರ ಕಣ್ಣಿನ ಮೇಲೆ.

ಕೆಲಸ ನೋಡುವುದಕ್ಕೆ ಸುಲಭ. ರೆಸಿನ್ ಅಂದರೆ ಜೇನಿನಷ್ಟು ಮಂದವಾದ ಅಂಟು. ಒಂದು ಕಿಲೋಗೆ ಎರಡು ಮುಚ್ಚಳ ಹಾರ್ಡನರ್ ಹಾಕಿ ಕಲಸಿ, ಗಾಜಿನ ನಾರಿನ ಚಾಪೆಯ ಮೇಲೆ ಬಳಿದರೆ ಅರ್ಧ ಗಂಟೆಯಲ್ಲಿ ಬಿಸಿಯಾಗಿ ಗಟ್ಟಿಯಾಗುತ್ತದೆ. ದೊಡ್ಡ ಡಬ್ಬದಿಂದ ಪ್ರತಿ ಸಲ ಬಗ್ಗಿಸಿಕೊಳ್ಳುವುದು ಕಷ್ಟ ಅಂತ ಎಲ್ಲಾ ಶೆಡ್ಡಿನವರೂ ಒಂದು ಉಪಾಯ ಮಾಡುತ್ತಾರೆ. ಕುಡಿಯುವ ನೀರಿನ ಖಾಲಿ ಬಾಟಲಿಗೆ ಹಾರ್ಡನರ್ ತುಂಬಿ, ಕಾಯಿಸಿದ ಮೊಳೆಯಿಂದ ಮುಚ್ಚಳಕ್ಕೊಂದು ತೂತು ಹೊಡೆಯುವುದು. ಬಾಟಲಿ ಹಿಚುಕಿದರೆ ಎಳೆಯಾಗಿ ಬೀಳುತ್ತದೆ.

ನಮ್ಮ ಶೆಡ್ಡಿನಲ್ಲಿ ಇದರ ಮೇಲೆ ನನ್ನದೊಂದು ಕಾನೂನು ಇತ್ತು. ಕೆಲಸ ಮುಗಿದ ಮೇಲೆ ಆ ತೂತಿನ ಮೇಲೆ ಟೇಪು ಸುತ್ತಬೇಕು. ತೂತು ಬಿಟ್ಟರೆ ವಾಸನೆ ಹೋಗುತ್ತದೆ, ವಾಸನೆ ಹೋದರೆ ಪವರ್ ಹೋಗುತ್ತದೆ ಅನ್ನುವುದು ನನ್ನ ಲೆಕ್ಕ. ಯಾರೂ ಹೇಳಿಕೊಟ್ಟದ್ದಲ್ಲ, ಕಾಫಿಪುಡಿ ಡಬ್ಬ ಮುಚ್ಚಿಡುವ ಬುದ್ಧಿಯನ್ನೇ ಇಲ್ಲಿಗೂ ತಂದಿದ್ದೆ. ಮೇಸ್ತ್ರಿ ಒಂದು ಸಲ ಹೇಳಿದ್ದರು, "ಬಾಟ್ಲಿ ಊದ್ಕೊಳ್ತದೆ ಕಣಮ್ಮ, ಟೇಪ್ ಬ್ಯಾಡ ಅನ್ಸುತ್ತೆ." ನಾನು ಕೇಳಲಿಲ್ಲ. "ಊದ್ಕೊಂಡ್ರೆ ಊದ್ಕೊಳ್ಳಿ, ಬಾಟ್ಲಿಗೇನು ಮದ್ವೆ ಇದ್ಯಾ," ಅಂದಿದ್ದೆ. ಎಲ್ಲರೂ ನಕ್ಕಿದ್ದರು.

ಬೇಸಿಗೆಯ ಒಂದು ಸೋಮವಾರ ಬೆಳಿಗ್ಗೆ. ಶನಿವಾರ ಮಧ್ಯಾಹ್ನ ಮುಚ್ಚಿದ ಶೆಡ್ಡು, ತಗಡಿನ ಮಾಡು, ಒಳಗಿನ ಕಾವು ಹೇಳುವಂತಿಲ್ಲ. ಮೇಸ್ತ್ರಿ ಬಾಟಲಿ ಎತ್ತಿಕೊಂಡು ಟೇಪಿನ ತುದಿಯನ್ನು ಉಗುರಿನಿಂದ ಬಿಡಿಸಿದರು. ಚುಂಯ್ ಅಂತ ಸದ್ದು. ಬಲಗಣ್ಣು ಮುಚ್ಚಿಕೊಂಡು ಅಲ್ಲೇ ಕುಕ್ಕರುಗಾಲಲ್ಲಿ ಕೂತುಬಿಟ್ಟರು. ಕೂಗಲಿಲ್ಲ. "ಬಿತ್ತು ಕಣಮ್ಮ, ಒಳಕ್ಕೇ ಬಿತ್ತು," ಅಂದರು ಅಷ್ಟೇ.

ನಲ್ಲಿಯ ಕೆಳಗೆ ತಲೆ ಹಿಡಿದು ಇಪ್ಪತ್ತು ನಿಮಿಷ ನೀರು ಬಿಟ್ಟೆ. ಸಾಕು ಬುಡಿ ಅಂತ ಎದ್ದರೆ ಮತ್ತೆ ಬಗ್ಗಿಸಿದೆ. ನೀವು ಯಾವ ಕೆಲಸದಲ್ಲೇ ಇರಿ, ಕಣ್ಣಿಗೆ ಏನೇ ಬೀಳಲಿ, ಬಟ್ಟೆಯಲ್ಲಿ ಒರೆಸಬೇಡಿ, ಆ ಕ್ಷಣವೇ ನೀರು ಹಿಡಿಯಿರಿ, ಕೈ ಸೋತರೂ ನಿಲ್ಲಿಸಬೇಡಿ. ಆ ದಿನ ನಾನು ಮಾಡಿದ ಸರಿಯಾದ ಕೆಲಸ ಇದೊಂದೇ.

ಆಮೇಲೆ ನಮ್ಮ ಗೂಡ್ಸ್ ಆಟೋದಲ್ಲೇ ನಂಜನಗೂಡು ರಸ್ತೆ ಹಿಡಿದು ಮೈಸೂರಿನೊಳಗಿನ ಕಣ್ಣಾಸ್ಪತ್ರೆಗೆ ಹೋದೆವು. ಡಾಕ್ಟರಮ್ಮ ಇನ್ನೂ ಚಿಕ್ಕ ವಯಸ್ಸಿನವರು. ಮತ್ತೆ ತೊಳೆದರು, ರೆಪ್ಪೆಯೊಳಗೆ ಒಂದು ಕಾಗದದ ಚೂರು ತಾಗಿಸಿ ಅದರ ಬಣ್ಣ ನೋಡಿದರು.

"ಏನು ಬಿದ್ದಿದ್ದು?"

"ಹಾರ್ಡನರ್," ಅಂದೆ.

"ಯಾವ ಹಾರ್ಡನರ್?"

"ಫೈಬರ್ ಶೆಡ್ಡಲ್ಲಿ ಹಾಕ್ತಾರಲ್ಲ ಡಾಕ್ಟ್ರೇ, ಅದು."

"ನೋಡಿ, ಹಾರ್ಡನರ್ ಅನ್ನೋದು ಅದು ಮಾಡೋ ಕೆಲಸ, ಅದರ ಹೆಸರಲ್ಲ. ಒಂದು ಜಾತಿಯದು ಕ್ಷಾರ. ಅದಾಗಿದ್ರೆ ಈ ಕಾಗದ ತೋರಿಸಿಬಿಡುತ್ತೆ, ತೊಳೀತಾ ತೊಳೀತಾ ಕಾಗದದ ಬಣ್ಣ ಸರಿಹೋಗುತ್ತೆ. ಇಲ್ಲಿ ಕಾಗದ ಸರಿಯಾಗೇ ಇದೆ, ಬಿದ್ದದ್ದು ಅದೇ ಆಗಿದ್ರೆ ಡ್ರಾಪ್ಸ್ ಕೊಟ್ಟು ಮನೆಗೆ ಕಳಿಸ್ಬಹುದು. ಆದ್ರೆ ಇನ್ನೊಂದು ಜಾತಿ ಇದೆ. ಅದು ಇವತ್ತು ಸುಮ್ನಿದ್ದು ನಾಳೆ ನಾಡಿದ್ದು ಕಣ್ಣು ತೆಗೆಯುತ್ತೆ. ಅದಾಗಿದ್ರೆ ನಾನು ಇವರನ್ನ ಬಿಡಲ್ಲ. ಡಬ್ಬದ ಮೇಲೆ ಏನು ಬರೆದಿದೆ?"

ಡಬ್ಬದ ಮೇಲೆ ಸೂರ್ಯಕಾಂತಿ ಹೂವಿನ ಚಿತ್ರ ಇತ್ತು. ಅದು ಅಡುಗೆ ಎಣ್ಣೆಯ ಹಳೇ ಡಬ್ಬ. ಕಂಪನಿಯ ಸೀಲ್ ಡಬ್ಬ ದುಬಾರಿ ಅಂತ ನಾನೇ ಅಂಗಡಿಯವರ ಹತ್ತಿರ ಜಗ್ಗಾಡಿ, ಲೂಸ್ ಮಾಲು ಕೊಡಿ, ಯಾವುದರಲ್ಲಾದರೂ ಹಾಕಿ ಕೊಡಿ ಅಂದಿದ್ದೆ. ಬೆಲೆ ಇಳಿಯಿತು. ಅದರ ಜೊತೆ ಹೆಸರೂ ಇಳಿದುಹೋಗಿತ್ತು. ಅದು ಆವತ್ತು ನನಗೆ ಕಂಡಿರಲಿಲ್ಲ.

ಆಸ್ಪತ್ರೆಯ ವರಾಂಡದಿಂದ ಅಂಗಡಿಯವರಿಗೆ ಫೋನು ಮಾಡಿದೆ. ಇಷ್ಟು ವರ್ಷದಲ್ಲಿ ಎಷ್ಟೋ ಚೌಕಾಶಿ ಮಾಡಿದ್ದೇನೆ, ಅಂಥದ್ದು ಮಾಡಿಲ್ಲ.

"ನೀವು ಕೊಡ್ತೀರಲ್ಲ ಹಾರ್ಡನರ್ರು, ಅದರ ಹೆಸರೇನು ಹೇಳಿ."

"ಹಾರ್ಡನರ್ರೇ ಕಣಮ್ಮ."

"ಪೂರ್ತಿ ಹೆಸರು."

"ಅದೇ ಪೂರ್ತಿ. ಫೈಬರ್ ಹಾರ್ಡನರ್. ಯಾಕೆ, ಗಟ್ಟಿ ಆಗ್ತಿಲ್ವಾ?"

"ಗಟ್ಟಿ ಆಗ್ತಿದೆ. ಕಂಪ್ನಿ ಡಬ್ಬದ ಮೇಲೆ ಬರೆದಿರೋದನ್ನ ಓದಿ ಹೇಳಿ."

"ಡಬ್ಬ ಗೋಡೌನಲ್ಲೈತೆ. ಊಟ ಆದ್ಮೇಲೆ ನೋಡ್ತೀನಿ ಬುಡಿ."

"ಊಟ ಆಮೇಲೆ ಮಾಡಿ. ಈಗ ಹೋಗಿ ನೋಡಿ."

"ರೇಟ್ ಇಳಿಸೋಕೆ ಇದೊಂದು ಹೊಸಾ ದಾರೀನಾ ನಿಮ್ದು?"

ತಪ್ಪು ಅವರದಲ್ಲ. ನಾನು ಫೋನು ಮಾಡಿದರೆ ರೇಟಿಗೇ ಮಾಡುತ್ತಿದ್ದುದು. ಮೇಸ್ತ್ರಿ ಕಣ್ಣಿಗೆ ಬಿದ್ದಿದೆ ಅಂದೆ. "ನಮ್ಮಂಗ್ಡಿ ಮಾಲು ಅಂತ ಎಲ್ಲೂ ಬರೆಸ್ಬ್ಯಾಡಿ ಕಣಮ್ಮ," ಅಂದರು. ಎಲ್ಲೂ ಬರೆಸಲ್ಲ, ಕೇಸಿಲ್ಲ, ಜಗಳವಿಲ್ಲ, ನನಗೆ ಒಂದು ಫೋಟೋ ಬೇಕು, ಅದು ಬರುವ ತನಕ ಈ ಫೋನು ಇಡುವುದಿಲ್ಲ ಅಂದೆ. ಗೋಡೌನಿನ ಬಾಗಿಲು ಎಳೆದ ಸದ್ದು ಕೇಳಿಸಿತು. ಮೊದಲ ಫೋಟೋ ಬಂತು, ಅದರಲ್ಲಿ ಡಬ್ಬದ ಬೆಲೆಯ ಚೀಟಿ. ಎರಡನೆಯದರಲ್ಲಿ ಬೆಂಕಿಯ ಗುರುತು. ತಿರುಗಿಸಿ ಅಂದೆ. ತಿರುಗಿಸಿದರು, ಡಬ್ಬ ತಲೆಕೆಳಗಾಗಿತ್ತು. ಅಲ್ಲೇ ಗೋಡೆಗೆ ತಲೆ ಚಚ್ಚಿಕೊಳ್ಳುವುದೊಂದು ಬಾಕಿ. ನಾಲ್ಕನೆಯ ಫೋಟೋದಲ್ಲಿ ಹೆಸರು ಬಂತು. ಒಳಗೆ ಓಡಿ ಡಾಕ್ಟರಮ್ಮನ ಮುಂದೆ ಫೋನು ಹಿಡಿದೆ.

ಅವರು ಓದಿದರು. ಮೀಥೈಲ್ ಈಥೈಲ್ ಕೀಟೋನ್ ಪೆರಾಕ್ಸೈಡ್.

"ಅಡ್ಮಿಟ್ ಮಾಡ್ಕೊಳ್ತೀನಿ," ಅಂದರು, ನರ್ಸ್ ಕಡೆ ತಿರುಗಿ.

ನಾಲ್ಕು ದಿನ ಇಟ್ಟುಕೊಂಡರು. ಎರಡನೇ ದಿನ ಕರಿಗುಡ್ಡೆಯ ಅಂಚಿನಲ್ಲಿ ಹಾಲು ಚೆಲ್ಲಿದ ಹಾಗೆ ಒಂದು ಮಸುಕು ಎದ್ದಿತು. ಮನೆಗೆ ಕಳಿಸಿದ್ದರೆ ಆ ಮಸುಕು ಮನೆಯಲ್ಲೇ ಎದ್ದಿರುತ್ತಿತ್ತು. ಉಳಿಯುತ್ತಾ ಅಂತ ಕೇಳಿದರೆ ಡಾಕ್ಟರಮ್ಮ, "ಈಗ್ಲೇ ಏನೂ ಹೇಳಲ್ಲ," ಅಂತಿದ್ದರು. ಬಾಗಿಲಿಗೆ ಮೊದಲು ಬಳಿಯುವ ಬಣ್ಣದ ಪದರದಲ್ಲಿ ಸಾಸಿವೆಗಿಂತ ಸಣ್ಣ ಗುಳ್ಳೆ ಇದ್ದರೂ ಕಂಡುಹಿಡಿಯುವ ಮನುಷ್ಯ ನಮ್ಮ ಮೇಸ್ತ್ರಿ. ಒಂದು ಕಣ್ಣು ಹೋದರೆ ಆ ಕೆಲಸ ಹೋಯಿತು. ಬೇರೆ ಶೆಡ್ಡಿನವರು ಯಾರೂ ತೆಗೆದುಕೊಳ್ಳುವುದಿಲ್ಲ.

ಆ ವಾರದಲ್ಲೇ ಜಯಲಕ್ಷ್ಮಿಪುರದ ಒಂದು ಮನೆಗೆ ಬಾಗಿಲು ಕೂರಿಸಬೇಕಿತ್ತು. ಮನೆಯವರು ಕಾಲೇಜಿನಲ್ಲಿ ಕೆಮಿಸ್ಟ್ರಿ ಪಾಠ ಮಾಡಿ ರಿಟೈರಾದವರು. ಅಲ್ಲಿಯ ತನಕ ಅವರನ್ನು ನಾನು ಬಿಲ್ಲಿನ ಕೊನೆಯ ಸಾಲಿಗೂ ಚರ್ಚೆ ಮಾಡುವ ಗಿರಾಕಿ ಅಂತ ಮಾತ್ರ ತಿಳಿದಿದ್ದೆ. ಆ ದಿನ ಫೋನಿನ ಫೋಟೋ ತೋರಿಸಿ, ಇದಕ್ಕೆ ಅರ್ಥ ಹೇಳಿ ಅಂದೆ.

"ಮೀಥೈಲ್ ಅಂದ್ರೆ ಒಂದು ಇಂಗಾಲದ ತುಂಡು, ಈಥೈಲ್ ಅಂದ್ರೆ ಎರಡರದ್ದು. ಕೀಟೋನ್ ಅಂದ್ರೆ ಆ ಎರಡು ತುಂಡೂ ಕೈ ಹಿಡ್ಕೊಂಡಿರೋ ಜಾಗ. ಇಷ್ಟೇ ಆಗಿದ್ರೆ ಸಾಧು, ಬಣ್ಣ ಒರೆಸೋಕೆ ಬಳಸ್ತಾರೆ. ನೀವು ನೋಡ್ಬೇಕಾದ್ದು ಕೊನೇದು. ಪೆರಾಕ್ಸೈಡ್ ಅಂದ್ರೆ ಎರಡು ಆಮ್ಲಜನಕ ಪಕ್ಕಪಕ್ಕ ಒಂದಕ್ಕೊಂದು ಅಂಟಿಕೊಂಡಿರೋದು. ಅವೆರಡಕ್ಕೂ ಆಗಿಬರಲ್ಲ. ಸ್ವಲ್ಪ ಕಾವು ಸಿಕ್ಕಿದ್ರೆ ಸಾಕು, ಬೇರೆ ಆಗೋಕೆ ಕಾಯ್ತಾ ಇರ್ತವೆ."

"ಮತ್ತೆ ರೆಸಿನ್ ಗಟ್ಟಿ ಮಾಡೋದು?"

"ಇದು ಗಟ್ಟಿ ಮಾಡಲ್ಲ ಕಣ್ರೀ. ಇದು ಒಡೆದುಹೋಗುತ್ತೆ. ಒಡೆದ ಚೂರು ಹೋಗಿ ರೆಸಿನ್ನನ್ನ ಕೆಣಕುತ್ತೆ, ರೆಸಿನ್ ತನ್ನಷ್ಟಕ್ಕೆ ತಾನು ಕೊಂಡಿ ಹಾಕ್ಕೊಂಡು ಗಟ್ಟಿ ಆಗುತ್ತೆ. ನೀವು ಹಾರ್ಡನರ್ ಅಂತೀರ, ನಿಮಗೆ ಬೇಕಾದ್ದನ್ನ ನೋಡಿ ಇಟ್ಟ ಹೆಸರು ಅದು."

"ಸುಮ್ನೆ ಬಾಟ್ಲೀಲಿಟ್ರೆ?"

"ಸುಮ್ನೆ ಇಟ್ರೂ ಸ್ವಲ್ಪ ಸ್ವಲ್ಪವೇ ಒಡೀತಾ ಗಾಳಿ ಬಿಡ್ತಿರುತ್ತೆ. ಅದಕ್ಕೇ ಕಂಪ್ನಿಯವರು ಮುಚ್ಚಳದಲ್ಲೇ ಉಸಿರಾಡೋಕೆ ದಾರಿ ಇಟ್ಟಿರ್ತಾರೆ. ಅದನ್ನ ಮುಚ್ಚಿಟ್ರೆ ಊದುತ್ತೆ. ಅಂಥ ಕೆಲಸ ಯಾರೂ ಮಾಡಲ್ಲ ಬಿಡಿ."

ಯಾರೂ ಮಾಡಲ್ಲ ಅಂತ ನಾನೂ ತಲೆಯಾಡಿಸಿದೆ. ಮುಚ್ಚಳದಲ್ಲಿ ಉಸಿರು, ಬೆಂಕಿಯ ಗುರುತು, ತಂಪಿನಲ್ಲಿ ಇಡಿ ಅನ್ನುವ ಸೂಚನೆ, ಎಲ್ಲವೂ ಆ ಹೆಸರಿನ ಜೊತೆಗೇ ಸೀಲ್ ಡಬ್ಬದಲ್ಲಿ ಬರುತ್ತಿತ್ತು. ನಾನು ಅದನ್ನೆಲ್ಲ ಬಿಡಿಸಿ, ಬರೀ ನೀರನ್ನು ಮಾತ್ರ ಕೊಂಡಿದ್ದೆ. ನಿಮಗೂ ಹೇಳುತ್ತೇನೆ, ಎಲ್ಲದರಲ್ಲೂ ಚೌಕಾಶಿ ಮಾಡಿ, ತಪ್ಪಿಲ್ಲ. ಆದರೆ ಮಾರುವವರು ಯಾವುದನ್ನು ಕಳೆದು ಬೆಲೆ ಇಳಿಸಿದರು ಅಂತ ಕೇಳದೆ ಎದ್ದು ಬರಬೇಡಿ.

ಶೆಡ್ಡಿಗೆ ಬಂದು ಟೇಪುಗಳನ್ನೆಲ್ಲ ಕಿತ್ತೆ, ಬಾಟಲಿಗಳನ್ನು ಬಿಸಾಕಿಸಿದೆ, ಸೀಲ್ ಡಬ್ಬ ತರಿಸಿದೆ. ಈ ಹೆಸರು ಹೇಳಿ ಅಂತ ಎಲ್ಲರನ್ನೂ ನಿಲ್ಲಿಸಿ ಹೇಳಿಸಿದೆ. ಹೇಳಿದರು. ಹತ್ತು ನಿಮಿಷ ಬಿಟ್ಟು ಅದೇ ಬಾಯಿಂದ, "ಆ ಹಾರ್ಡನರ್ ಈ ಕಡೆ ಕೊಡಣ್ಣ." ಇವತ್ತಿಗೂ ಅಷ್ಟೇ. ದಿನಾ ಹೇಳುತ್ತೇನೆ, ದಿನಾ ಮರೆಯುತ್ತಾರೆ, ನನ್ನ ಗಂಟಲು ಒಣಗಿದ್ದೇ ಬಂತು.

ಏಳನೇ ವಾರ ಡಾಕ್ಟರಮ್ಮ ಮೇಸ್ತ್ರಿಯ ಎಡಗಣ್ಣು ಮುಚ್ಚಿಸಿ ಗೋಡೆಯ ಮೇಲಿನ ಅಕ್ಷರ ಓದಿಸಿದರು. ಕೊನೆಯ ಸಾಲೊಂದು ಬಿಟ್ಟು ಎಲ್ಲವನ್ನೂ ಓದಿದರು. ನನ್ನ ಎದೆಯಿಂದ ಕಲ್ಲು ಇಳಿಯಿತು ಅಂದುಕೊಳ್ಳುವಷ್ಟರಲ್ಲಿ ಡಾಕ್ಟರಮ್ಮ ಅಂದರು, "ಕಣ್ಣು ಉಳೀತು. ಆದ್ರೆ ಆ ಮಸುಕು ಪೂರ್ತಿ ಹೋಗಲ್ಲ. ಈ ಕೆಮಿಕಲ್ ವರ್ಷಗಟ್ಲೆ ಬಿಟ್ಟು ಮತ್ತೆ ಕೆರಳೋದೂ ಉಂಟು. ಕಣ್ಣು ಕೆಂಪಾದ್ರೆ ಎಲ್ಲೇ ಇದ್ರೂ ತಕ್ಷಣ ತೋರಿಸ್ಬೇಕು, ಏನು ಬಿದ್ದಿತ್ತು ಅಂತ ಹೇಳ್ಬೇಕು."

ಆಸ್ಪತ್ರೆಯ ಮೆಟ್ಟಿಲ ಮೇಲೆ ಮೇಸ್ತ್ರಿಗೆ ಹೇಳಿದೆ, ಟೇಪು ಸುತ್ತಿಸಿದ್ದು ನಾನು, ತಪ್ಪು ನನ್ನದು.

"ನಂಗೊತ್ತು ಕಣಮ್ಮ," ಅಂದರು. "ಮನೇಲಿ ಹೇಳಿಲ್ಲ. ನನ್ನ ಕೈ ತಪ್ಪು ಅಂತ ಅಂದ್ಕೊಂಡವ್ಳೆ. ದಿನಾ ಬೈತಾಳೆ. ನೀವೇ ಬಂದ್ ಹೇಳಿ."

ಹೋದೆ. ಅವರ ಹೆಂಡತಿ ಬಾಗಿಲಲ್ಲಿ ಅಕ್ಕಿ ಆರಿಸುತ್ತ ಕೂತಿದ್ದರು. ಟೇಪು, ಎಣ್ಣೆ ಡಬ್ಬ, ಲೂಸ್ ಮಾಲು, ಎಲ್ಲ ಹೇಳಿದೆ. ಬೈಯುತ್ತಾರೆ ಅಂತ ಕಾದೆ. ಮೊರ ಕೆಳಗಿಟ್ಟು ಒಳಗೆ ಹೋಗಿ ಆಸ್ಪತ್ರೆಯ ಚೀಟಿ ಮತ್ತು ಪೆನ್ನು ತಂದರು.

"ಬರ್ಕೊಡಿ ಇಲ್ಲಿ ಅದರ ಹೆಸ್ರ. ಕನ್ನಡದಲ್ಲಿ ಬರೀರಿ. ನಾಳೆ ದಿನ ಇವ್ರ ಕಣ್ಣು ಕೆಂಪಾದ್ರೆ, ಕೇಳ್ದವ್ರಿಗೆ ನಾನೇನು ಹಾರ್ಡನರ್ ಅಂತ ಹೇಳ್ಕೊಂಡು ನಿಂತ್ಕೊಳ್ಲಾ?"

ಚೀಟಿಯ ಹಿಂದೆ ಬರೆದೆ. ಅವರು ಬೆರಳಿಟ್ಟು ಒಂದೊಂದೇ ಅಕ್ಷರ ಕೂಡಿಸಿ ಓದಿದರು. ಕೀಟೋನ್ ಹತ್ತಿರ ನಿಂತರು.

"ಇದು ಸರಿಯಾಗಿ ಕಾಣ್ತಿಲ್ಲ. ನಿಮ್ಮ ಅಕ್ಷರ ಚೆನ್ನಾಗಿಲ್ಲ. ಇನ್ನೊಂದ್ಸಲ ಬರೀರಿ, ದಪ್ಪಕ್ಕೆ."

ಇನ್ನೊಂದು ಸಲ ಬರೆದೆ, ದಪ್ಪಕ್ಕೆ.